ಗೇಮ್ ಮಾಡೆಲ್ ಟೂಲ್ ಬರೆದ ಅನುಭವದಲ್ಲಿ ಕಾರ್ ಸ್ಕ್ಯಾನರ್ ಆ್ಯಪ್ ಬರೆಯಬಹುದಾ? ಅಗ್ಗದ ಅಡಾಪ್ಟರ್ ಸಾಕಾ, ಯಾವ ಲ್ಯಾಂಗ್ವೇಜ್ ಒಳ್ಳೇದು?

ಹಳೇ ಗೇಮ್‌ಗಳ ಪಾತ್ರಗಳನ್ನ ಅನಿಮೇಷನ್ ಸಮೇತ ಬ್ಲೆಂಡರ್ ಅನ್ನೋ 3ಡಿ ಸಾಫ್ಟ್‌ವೇರ್‌ಗೆ ತರೋ ಆ್ಯಡ್-ಆನ್ ಬರೆದಿದ್ದೀರಿ, ಈಗ ಮನೆ ಕಾರಿನ ಎರರ್ ಕೋಡ್ ಓದಿ ಅಳಿಸೋ ಆ್ಯಪ್ ಮಾಡ್ತೀನಿ ಅಂತಿದ್ದೀರಿ. ದಾವಣಗೆರೆಯಲ್ಲಿ ಕೂತು ನಾನೂ ಇದೇ ದಾರಿ ಹಿಡಿದವನು. ಧಾರಾಳವಾಗಿ ಬರೀರಿ. ಆ ಅಳಿಸೋ ಬಟನ್ ಒಂದು ಮಾತ್ರ ಬೇಡ. ಯಾಕೆ ಅಂತ ಹೇಳ್ತೀನಿ, ಸ್ವಲ್ಪ ಉದ್ದ ಆಗುತ್ತೆ.

ಡಿಪ್ಲೊಮಾ ಓದುವಾಗ ನನಗೆ ಕ್ವೇಕ್ 2 ಗೇಮಿನ ಮಾಡೆಲ್ ಫೈಲುಗಳ ಹುಚ್ಚು. ಆ ಎಂಡಿ2 ಫೈಲಿನಲ್ಲಿ ಅಸ್ಥಿಪಂಜರ ಇರಲ್ಲ, ಒಂದೊಂದು ಫ್ರೇಮಿಗೂ ಎಲ್ಲ ವರ್ಟೆಕ್ಸ್‌ಗಳ (ಆಕಾರದ ಮೂಲೆ ಬಿಂದುಗಳ) ಜಾಗ ಬರೆದಿಟ್ಟಿರುತ್ತೆ. ಸೈಜ್ ಉಳಿಸೋಕೆ ಎಕ್ಸ್, ವೈ, ಝಡ್ ಒಂದೊಂದಕ್ಕೆ ಒಂದೇ ಬೈಟ್. ಆ ಬೈಟನ್ನ ಫ್ರೇಮಿನ ಸ್ಕೇಲ್‌ನಿಂದ ಗುಣಿಸಿ ಟ್ರಾನ್ಸ್‌ಲೇಟ್ ಕೂಡಿಸಿದ್ರೆ ನಿಜವಾದ ಅಳತೆ. ಸ್ಕೇಲ್ ಓದೋದ್ರಲ್ಲಿ ನಾಲ್ಕು ಬೈಟ್ ಆಚೀಚೆ ಆದ್ರೆ ಸಾಕು, ಓಡಬೇಕಾದ ಸೈನಿಕ ಮಂಡಕ್ಕಿ ಚೆಲ್ಲಿದ ಹಾಗೆ ಸ್ಕ್ರೀನ್ ತುಂಬ ಹರಡಿಬಿಡ್ತಿದ್ದ. ನಗೋದು, ಸರಿ ಮಾಡೋದು, ಮತ್ತೆ ಲೋಡ್ ಮಾಡೋದು. ಮೂಲ ಫೈಲ್ ಎಲ್ಲೂ ಹೋಗಿರ್ತಿರಲಿಲ್ಲ.

ಕಾರಿನದೂ ಇದೇ ಲೆಕ್ಕ. ಕಾರಿನ ಒಬಿಡಿ ಸಾಕೆಟ್ಟಿಗೆ (ಎರರ್ ಕೋಡ್ ಓದೋ ಜಾಗ) ಚುಚ್ಚೋ ಇಎಲ್‌ಎಂ327 ಅಡಾಪ್ಟರ್‌ಗೆ, ಕೂಲೆಂಟ್ ಅಂದ್ರೆ ಎಂಜಿನ್ ತಣಿಸೋ ದ್ರವ ಎಷ್ಟು ಬಿಸಿ ಅಂತ ಕೇಳೋ 01 05 ಕಳಿಸಿ, 41 05 78 ಅಂತ ಉತ್ತರ ಬಂತು ಅನ್ಕೊಳ್ಳಿ. ಹೆಕ್ಸ್ (ಹದಿನಾರರ ಎಣಿಕೆ) 78 ಅಂದ್ರೆ 120, ಅದರಲ್ಲಿ 40 ಕಳೀರಿ, ಕೂಲೆಂಟ್ 80 ಡಿಗ್ರಿ ಇದೆ. ಬೈಟು, ಸ್ಕೇಲು, ಆಫ್‌ಸೆಟ್ಟು. ಇದನ್ನ ನೋಡಿದ ದಿನ ಕಾರೂ ಒಂದು ಮಾಡೆಲ್ ಫೈಲೇ ಅನ್ನಿಸಿಬಿಡ್ತು. ನಾನು ಎಡವಿದ್ದು ಅಲ್ಲೇ.

ಮಾವನ ಹತ್ರ 2014ರ ಪೆಟ್ರೋಲ್ ಕಾರಿತ್ತು. ಚೆಕ್ ಎಂಜಿನ್ ಲೈಟ್ ಹತ್ತಿತು. ನನ್ನ ಪ್ರೋಗ್ರಾಂ ಆಗಷ್ಟೇ ಕೋಡ್ ಓದೋ ಮಟ್ಟಕ್ಕೆ ಬಂದಿತ್ತು. ಮನೆ ಮುಂದೆ ಲ್ಯಾಪ್‌ಟಾಪ್ ತೊಡೆ ಮೇಲಿಟ್ಟುಕೊಂಡು ಓದಿದೆ: ಪಿ0171, ಅಂದ್ರೆ ಮಿಶ್ರಣ ಲೀನ್ ಆಗಿದೆ, ಗಾಳಿಗೆ ತಕ್ಕಷ್ಟು ಪೆಟ್ರೋಲ್ ಸಿಗ್ತಿಲ್ಲ. ಪಕ್ಕದಲ್ಲೇ ನಾನೇ ಇಟ್ಟಿದ್ದ ಹಸಿರು ಬಟನ್, ‘ಕ್ಲಿಯರ್’. ಒತ್ತಿದೆ. ಲೈಟ್ ಆರಿತು. "ಏ ಹೋತಲೋ!" ಅಂತ ಮಾವ ಖುಷಿಯಾಗಿ ಬೆಣ್ಣೆದೋಸೆ ಕೊಡಿಸಿದ್ರು.

ಆ ಬಟನ್ ಏನು ಮಾಡುತ್ತೆ ಅಂತ ನನಗೆ ಅರ್ಧವೇ ಗೊತ್ತಿತ್ತು. ಅದು ಕಳಿಸೋದು 04 ಅನ್ನೋ ಒಂದೇ ಬೈಟಿನ ಆಜ್ಞೆ. ಕೋಡ್ ಅಳಿಸೋದು ಅದರ ಕೆಲಸದಲ್ಲಿ ಒಂದು ಭಾಗ ಅಷ್ಟೇ. ಕೋಡ್ ದಾಖಲಾದ ಕ್ಷಣದಲ್ಲಿ ಇಸಿಯು, ಅಂದ್ರೆ ಎಂಜಿನ್ ನಡೆಸೋ ಕಂಪ್ಯೂಟರ್, ಫ್ರೀಜ್ ಫ್ರೇಮ್ ಅಂತ ಒಂದು ಚಿತ್ರ ತೆಗೆದಿಟ್ಟಿರುತ್ತೆ: ಆಗ ಆರ್‌ಪಿಎಂ ಎಷ್ಟು, ವೇಗ ಎಷ್ಟು, ಎಂಜಿನ್ ಬಿಸಿ ಎಷ್ಟು, ಲೋಡ್ ಎಷ್ಟು, ಫ್ಯೂಯೆಲ್ ಟ್ರಿಮ್ ಎಷ್ಟು. 04 ಹೋಯ್ತು ಅಂದ್ರೆ ಅದೂ ಹೋಯ್ತು. ರೆಡಿನೆಸ್ ಮಾನಿಟರ್‌ಗಳು (ಹೊಗೆ ನಿಯಂತ್ರಣದ ಭಾಗಗಳನ್ನ ಕಾರು ತಾನೇ ಮಾಡಿಕೊಳ್ಳೋ ಪರೀಕ್ಷೆಗಳು) ಮತ್ತೆ ಮೊದಲಿಂದ ಶುರು. ಬಹಳಷ್ಟು ಕಾರುಗಳಲ್ಲಿ ಇಸಿಯು ದಿನಗಟ್ಟಲೆ ಕಲಿತಿಟ್ಟ ಲಾಂಗ್ ಟರ್ಮ್ ಟ್ರಿಮ್ ಕೂಡ ಸೊನ್ನೆಗೆ ಬರುತ್ತೆ. ಕಳ್ಳತನ ಆದ ಮನೆಯ ನೆಲ ಒರೆಸಿ ಆಮೇಲೆ ಪೊಲೀಸರನ್ನ ಕರೆದಿದ್ದೆ ನಾನು.

ಅದರಲ್ಲೂ ಈ ಟ್ರಿಮ್ ಹೋದದ್ದೇ ದೊಡ್ಡ ನಷ್ಟ. ಮಿಶ್ರಣ ಲೀನ್ ಅನ್ನಿಸಿದಾಗ ಇಸಿಯು ಪೆಟ್ರೋಲ್ ಜಾಸ್ತಿ ಮಾಡುತ್ತೆ. ಎಷ್ಟು ಜಾಸ್ತಿ ಮಾಡ್ತಿದೆ ಅನ್ನೋದೇ ಟ್ರಿಮ್. 01 07 ಕಳಿಸಿ 41 07 98 ಬಂದ್ರೆ, 98 ಹೆಕ್ಸ್ ಅಂದ್ರೆ 152, ಅದರಲ್ಲಿ 128 ಕಳೆದು 100ರಿಂದ ಗುಣಿಸಿ 128ರಿಂದ ಭಾಗಿಸಿ: ಸುಮಾರು 19 ಪರ್ಸೆಂಟ್ ಜಾಸ್ತಿ. ಐಡ್ಲಿಂಗ್‌ನಲ್ಲಿ ಇಷ್ಟು ಏರಿ, ಹೈವೇಲಿ ಸೊನ್ನೆ ಹತ್ತಿರ ಬಂದ್ರೆ ಒಳಗೆ ಹೋಗೋ ಗಾಳಿ ಅಳೆಯೋ ಏರ್‌ಫ್ಲೋ ಸೆನ್ಸರ್ ದಾಟಿದ ಮೇಲೆ ಎಲ್ಲೋ ಕಳ್ಳಗಾಳಿ ನುಗ್ತಿದೆ ಅಂತ ಅನುಮಾನ ಪಡಬೇಕು. ಐಡ್ಲಿಂಗ್‌ನಲ್ಲಿ ಎಂಜಿನ್ ಎಳೆಯೋ ಗಾಳಿಯೇ ಕಮ್ಮಿ, ಅದಕ್ಕೇ ಸಣ್ಣ ಸೋರಿಕೆಯೂ ದೊಡ್ಡದಾಗಿ ಕಾಣೋದು. ಉಲ್ಟಾ, ಲೋಡ್ ಬಿದ್ದಾಗ ಏರಿದ್ರೆ ಪಂಪ್, ಫಿಲ್ಟರ್ ಕಡೆ ನೋಡಬೇಕು. ಕೋಡ್ ಎರಡಕ್ಕೂ ಅದೇ ಪಿ0171. ಎರಡನ್ನೂ ಬೇರೆ ಮಾಡಿ ತೋರಿಸೋ ಸಾಕ್ಷಿಯನ್ನ ನಾನು ಅಳಿಸ್ತಾ ಇದ್ದೆ.

ಹೌದು, ಅಳಿಸ್ತಾ ಇದ್ದೆ, ಒಂದೇ ಸಲ ಅಲ್ಲ. ಲೈಟ್ ವಾಪಸ್ ಬರ್ತಿತ್ತು, ಮಾವ ಫೋನ್ ಮಾಡ್ತಿದ್ರು, ನಾನು ಹೋಗಿ ಒತ್ತಿ ಬರ್ತಿದ್ದೆ. ಚಿತ್ರದುರ್ಗಕ್ಕೆ ಹೋಗಿಬಂದ್ರೆ ಏನೂ ಇಲ್ಲ. ಅಶೋಕ ಟಾಕೀಸ್ ಹತ್ರ ರೈಲ್ವೆ ಗೇಟ್ ಹಾಕಿ ಕಾರು ಗುರ್ ಅಂತ ನಿಂತಾಗ ಹತ್ತುತ್ತೆ. ಮಾವ ಇದನ್ನ ಬಾಯಿಬಿಟ್ಟು ಹೇಳಿದ್ರೂ ನಾನು ಕಿವಿಗೆ ಹಾಕಿಕೊಳ್ಳಲಿಲ್ಲ. ನನ್ನ ಪ್ರೋಗ್ರಾಂನ ಕಾರಣಗಳ ಪಟ್ಟಿಯಲ್ಲಿ ಮೊದಲು ಆಕ್ಸಿಜನ್ ಸೆನ್ಸರ್ ಇತ್ತು (ಇಂಟರ್ನೆಟ್ಟಿಂದ ಎತ್ತಿದ ಪಟ್ಟಿ, ಯಾವ ಕ್ರಮವೂ ಇರಲಿಲ್ಲ). ಸೆನ್ಸರ್ ಬದಲಾಯಿಸಿದ್ವಿ. ಆಮೇಲೆ ಪೆಟ್ರೋಲ್ ಪಂಪ್. ನನ್ನ ಆಗಿನ ಒಂದು ತಿಂಗಳ ಸಂಬಳಕ್ಕಿಂತ ಜಾಸ್ತಿ ಹೋಯ್ತು. ಅರ್ಧ ನಾನು ಕೊಟ್ಟೆ, ಮಾವ ಬೇಡ ಅಂದ್ರೂ.

ಕೊನೆಗೆ ಹಳೇ ಪಿ.ಬಿ. ರಸ್ತೆಯ ಒಬ್ಬ ಮೇಸ್ತ್ರಿ ಲ್ಯಾಪ್‌ಟಾಪ್ ಕಡೆ ತಿರುಗಿಯೂ ನೋಡದೆ ಕೇಳಿದ್ದು ಒಂದೇ: "ಯಾವಾಗ ಹತ್ತತೈತಿ?" ಗೇಟ್ ಕತೆ ಹೇಳಿದ್ವಿ. ಅವರು ಮ್ಯಾನಿಫೋಲ್ಡ್ (ಎಂಜಿನ್‌ಗೆ ಗಾಳಿ ಹಂಚೋ ಕೊಳವೆ) ಹಿಂದೆ ಕೈ ಹಾಕಿ ಬೆರಳುದ್ದದ ರಬ್ಬರ್ ಹೋಸ್ ಎಳೆದು ತೆಗೆದ್ರು. ನೇರ ಹಿಡಿದ್ರೆ ಹೊಸದರ ಹಾಗಿತ್ತು. ಬಗ್ಗಿಸಿದ್ರು, ಒಳಮಗ್ಗುಲಲ್ಲಿ ಬಾಯಿ ತೆರೀತು. ಹೊಸ ಹೋಸಿನ ಬೆಲೆ ಹೇಳೋಕೂ ನಾಚಿಕೆ.

ಅದಕ್ಕೇ ನಿಮಗೆ ಹೇಳೋದು, ಕೋಡ್ ಓದೋ ಇನ್ನೊಂದು ಆ್ಯಪ್ ಈ ಪ್ರಪಂಚಕ್ಕೆ ಬೇಡ. ಟಾರ್ಕ್ ಅನ್ನೋ ಆ್ಯಪ್ ಇದೆ, ಇನ್ನೂ ಬೇಕಾದಷ್ಟಿವೆ. ಉತ್ಸಾಹಿಗಳು ಮಾಡಿದ ಟೂಲುಗಳಲ್ಲಿ ನಿಜವಾಗಿ ಉಪಯೋಗಕ್ಕೆ ಬಿದ್ದದ್ದು ಒಂದೇ ಮನೆತನದ ಕಾರುಗಳ ಬೆನ್ನು ಹತ್ತಿದವು. ಫೋರ್‌ಸ್ಕ್ಯಾನ್ ನೋಡಿ, ಮುಖ್ಯವಾಗಿ ಫೋರ್ಡ್ ಕಾರುಗಳಿಗಾಗಿ ಬೆಳೆದದ್ದು. 2021ರಲ್ಲಿ ಕಂಪನಿ ಭಾರತದಲ್ಲಿ ಕಾರು ತಯಾರಿಕೆ ನಿಲ್ಲಿಸ್ತೀವಿ ಅಂದಮೇಲೆ ಫಿಗೋ, ಇಕೋಸ್ಪೋರ್ಟ್ ಇಟ್ಟುಕೊಂಡವರಿಗೆ ಅಂಥ ಟೂಲಿನ ಬೆಲೆ ಗೊತ್ತು. ನೀವೂ ನಿಮ್ಮನೆ ಕಾರೊಂದನ್ನೇ ಹಿಡೀರಿ. ಮೊದಲು 02 ಮೋಡ್‌ನಲ್ಲಿ ಫ್ರೀಜ್ ಫ್ರೇಮ್ ಪೂರ್ತಿ ಓದಿ ತಾರೀಕು ಸಮೇತ ಫೈಲಿಗೆ ಬರೆಯೋ ಕೆಲಸ ಮಾಡಿ (02 07 00 ಕಳಿಸಿದ್ರೆ ಆ ಕ್ಷಣದ ಟ್ರಿಮ್ ಬರುತ್ತೆ), ಆಮೇಲೆ ಓಡಿಸುವಾಗ ಟ್ರಿಮ್ ಲಾಗ್ ಮಾಡಿ. ಗ್ರಾಫ್ ಬಿಡಿಸೋದ್ರಲ್ಲಿ ನಿಮ್ಮ ಅನಿಮೇಷನ್ ಕಣ್ಣು ಕೆಲಸಕ್ಕೆ ಬರುತ್ತೆ.

ಲ್ಯಾಂಗ್ವೇಜ್ ಬಗ್ಗೆ ತಲೆ ಕೆಡಿಸಿಕೊಳ್ಳಬೇಡಿ. ಬ್ಲೆಂಡರ್ ಆ್ಯಡ್-ಆನ್ ಬರೆದವರಿಗೆ ಪೈಥಾನ್ ಬಂದೇ ಇರುತ್ತೆ, ಪೈಥಾನ್-ಒಬಿಡಿ ಅನ್ನೋ ಲೈಬ್ರರಿ ರೆಡಿ ಇದೆ.

ಅಡಾಪ್ಟರ್: ಕೆನಡಾದ ಎಲ್ಮ್ ಎಲೆಕ್ಟ್ರಾನಿಕ್ಸ್ ಮಾಡಿದ ಅಸಲಿ ಚಿಪ್‌ನ ಮೊದಲ ಆವೃತ್ತಿಗೆ ಕಾಪಿ ಆಗದಂತೆ ರಕ್ಷಣೆ ಇರಲಿಲ್ಲ, ಅಲ್ಲಿಂದ ನಕಲಿಗಳ ಜಾತ್ರೆ. ‘ವಿ1.5’ ಅಂತ ಅಚ್ಚಾಗಿದ್ರೆ ನಕಲಿ ಅಂತ ಹಾಗೇ ತಿಳೀರಿ, ಆ ಕಂಪನಿ ಆ ನಂಬರಿನದನ್ನ ಬಿಟ್ಟೇ ಇಲ್ಲ. ಓದೋಕೆ ನಕಲಿಯೂ ನಡೆಯುತ್ತೆ, ಕೆಲವು ಆಜ್ಞೆಗಳಿಗೆ ಪ್ರಶ್ನಾರ್ಥಕ ಚಿಹ್ನೆ ಉಗುಳುತ್ತೆ ಅಷ್ಟೆ. ಕಾರಿನ ಮಾಡ್ಯೂಲ್‌ಗೆ (ಇಸಿಯು ಥರದ ಕಂಪ್ಯೂಟರ್‌ಗೆ) ಏನನ್ನಾದರೂ ಬರೆಯೋ ಕೆಲಸಕ್ಕೆ ಅದನ್ನ ಮುಟ್ಟಬೇಡಿ. ಇನ್ನೊಂದು, ಒಬಿಡಿ ಸಾಕೆಟ್ಟಿನ 16ನೇ ಪಿನ್‌ಗೆ ಕೀ ತೆಗೆದ್ರೂ ಬ್ಯಾಟರಿ ಕರೆಂಟ್ ಬರ್ತಾನೇ ಇರುತ್ತೆ. ರಾತ್ರಿ ಅಡಾಪ್ಟರ್ ಕಿತ್ತಿಡಿ.