ಗುಮ್ಮಟದೊಳಗೆ ವಯಸ್ಸು ಹಿಂದಕ್ಕೆ ಹೋಗುತ್ತಾ?

(ಹಾಸನದಿಂದ ನಿವೃತ್ತ ಮೇಷ್ಟ್ರೊಬ್ಬರು ಬರೆದಿದ್ದಾರೆ. ಅಮೆರಿಕದಲ್ಲಿರುವ ಮಗ ಇವರನ್ನೂ ಇವರ ಹೆಂಡತಿಯನ್ನೂ ಕ್ಯಾಲಿಫೋರ್ನಿಯಾದ ಮರುಭೂಮಿಯಲ್ಲಿರುವ ‘ಇಂಟಿಗ್ರಟ್ರಾನ್’ ಎಂಬ ಬಿಳಿ ಗುಮ್ಮಟಕ್ಕೆ ಕರೆದುಕೊಂಡು ಹೋಗಿದ್ದ. ಭೂಮಿಯ ಶಕ್ತಿಯನ್ನೂ ಕಾಲದ ಶಕ್ತಿಯನ್ನೂ ಒಂದೆಡೆ ಸೇರಿಸಲು ಕಟ್ಟಿದ ಯಂತ್ರ ಅದು ಎಂದು ಕೇಳಿದರಂತೆ. ಅಲ್ಲಿ ಮಲಗಿ ನಾದ ಕೇಳಿ ಬಂದ ಮೇಲೆ, ಮರೆವು ಶುರುವಾಗಿರುವ ಅವರ ಹೆಂಡತಿ ಎರಡು ದಿನ ಮೊದಲಿನ ಹಾಗೇ ಇದ್ದರಂತೆ. ಈಗ ಊರಿನಲ್ಲಿ ಒಬ್ಬರು ಅದೇ ತತ್ವದ ‘ಕಾಲಶಕ್ತಿ ಪಿರಮಿಡ್’ ಅನ್ನು 85,000 ರೂಪಾಯಿಗೆ ಕೊಡುತ್ತೇನೆ ಎನ್ನುತ್ತಿದ್ದಾರೆ. ತಗೊಳ್ಳಲೇ ಎಂದು ಕೇಳಿದ್ದಾರೆ.)

ಮೇಷ್ಟ್ರೇ, ನಮಸ್ಕಾರ.

ತಗೋಬೇಡಿ. ಮುಂಗಡ ಕೊಟ್ಟಿದ್ದರೆ ಇವತ್ತೇ ವಾಪಸ್ ಕೇಳಿ. ಇದನ್ನು ಮೊದಲೇ ಹೇಳಿಬಿಟ್ಟೆ. ನೀವು ಕಾಯುತ್ತಿರುತ್ತೀರಿ ಎಂದು ಗೊತ್ತು.

ನಿಮ್ಮ ಪತ್ರದಲ್ಲಿ ಒಂದು ಸಾಲಿನ ಕೆಳಗೆ ಎರಡು ಸಲ ಗೆರೆ ಎಳೆದಿದ್ದೀರಿ. ‘ಮಾರನೇ ದಿನ ಮಗ ಮಾಡಿದ ಸಾರು ಬಾಯಿಗಿಟ್ಟು, ಹುಣಸೆಹಣ್ಣು ಜಾಸ್ತಿ ಆಯ್ತು ಕಣೋ ಅಂದಳು.’ ಆ ಸಾಲನ್ನು ನಾನು ಮತ್ತೆ ಮತ್ತೆ ಓದಿದೆ. ನೀವು ಕಂಡದ್ದು ಸುಳ್ಳು ಎಂದು ಹೇಳಲು ನಾನು ಕೂತಿಲ್ಲ. ಅದು ಯಾವುದರಿಂದ ಆಯ್ತು ಎಂಬುದಷ್ಟೇ ನಮ್ಮ ಮುಂದಿರುವ ಪ್ರಶ್ನೆ.

ಆ ಗುಮ್ಮಟ ಕಟ್ಟಿದವರು ಜಾರ್ಜ್ ವ್ಯಾನ್ ಟಾಸೆಲ್. ವಿಮಾನ ಕಂಪನಿಗಳಲ್ಲಿ ಮೆಕ್ಯಾನಿಕ್ ಆಗಿದ್ದವರು. 1947ರಲ್ಲಿ ಸಂಸಾರ ಸಮೇತ ಮೊಹಾವಿ ಮರುಭೂಮಿಗೆ ಬಂದು, ‘ಜೈಂಟ್ ರಾಕ್’ ಎಂಬ ಏಳಂತಸ್ತಿನಷ್ಟು ಎತ್ತರದ ಬಂಡೆಯ ಪಕ್ಕ ನೆಲೆಸಿದರು. ಸಣ್ಣ ವಿಮಾನಗಳು ಇಳಿಯುವ ಜಾಗ, ಒಂದು ಹೋಟೆಲು, ಇಷ್ಟನ್ನು ನೋಡಿಕೊಳ್ಳುತ್ತಿದ್ದರು. 1953ರಲ್ಲಿ ಶುಕ್ರಗ್ರಹದಿಂದ ಬಂದವರೊಬ್ಬರು ತಮ್ಮನ್ನು ಎಬ್ಬಿಸಿ, ಜೀವಕೋಶಗಳನ್ನು ಮತ್ತೆ ಹೊಸದು ಮಾಡುವ ವಿದ್ಯೆ ಹೇಳಿಕೊಟ್ಟರು ಎಂದು ಅವರು ಹೇಳಿದರು. ಹಾಗೆ ಶುರುವಾದದ್ದು ಇಂಟಿಗ್ರಟ್ರಾನ್. ಎತ್ತರ 38 ಅಡಿ, ಅಡ್ಡಳತೆ 55 ಅಡಿ, ಕಬ್ಬಿಣದ ಮೊಳೆ ಬಳಸದೆ ಮರದಲ್ಲಿ ಕಟ್ಟಿದ ಗುಮ್ಮಟ. ಹೊರಗಡೆ ಸುತ್ತಲೂ ತಿರುಗುವ ಒಂದು ಚಕ್ರ ಗಾಳಿಯಿಂದ ವಿದ್ಯುತ್ ಸೆಳೆಯಬೇಕು, ಒಳಗೆ ನಡೆದು ಹೋದವರ ಮೈ ಬ್ಯಾಟರಿಯ ಹಾಗೆ ಚಾರ್ಜ್ ಆಗಬೇಕು. ಮುಪ್ಪು ಹಿಂದೆ ಸರಿಯುತ್ತದೆ, ಕಾಲದಲ್ಲೇ ಓಡಾಡಬಹುದು. ಇದು ಅವರ ಲೆಕ್ಕ. ಜನ ದೇಣಿಗೆ ಕೊಟ್ಟರು. ಇಪ್ಪತ್ತು ವರ್ಷದ ಮೇಲೆ ದುಡಿದರೂ ಯಂತ್ರ ಪೂರ್ತಿಯಾಗಲಿಲ್ಲ. 1978ರಲ್ಲಿ ವ್ಯಾನ್ ಟಾಸೆಲ್ ತೀರಿಕೊಂಡರು. ಅವರಿಗೆ ಆಗ 67 ವರ್ಷ.

ಅವರು ಮೋಸಗಾರರು ಎಂದು ನನಗೆ ಅನ್ನಿಸುವುದಿಲ್ಲ. ಮೋಸ ಮಾಡುವವರು ಅಷ್ಟು ವರ್ಷ ಮರುಭೂಮಿಯ ಬಿಸಿಲಲ್ಲಿ ಮರಗೆಲಸ ಮಾಡಿಕೊಂಡು ಕೂರುವುದಿಲ್ಲ. ಆದರೆ ಆ ಯಂತ್ರ ಯಾರ ವಯಸ್ಸನ್ನೂ ಒಂದು ದಿನ ಕೂಡ ಹಿಂದಕ್ಕೆ ತಳ್ಳಲಿಲ್ಲ. ನೀವು ಮಲಗಿದ್ದು ಯಂತ್ರದೊಳಗಲ್ಲ ಮೇಷ್ಟ್ರೇ, ಬಹಳ ಚೆನ್ನಾಗಿ ಕಟ್ಟಿದ ಒಂದು ಕೋಣೆಯೊಳಗೆ.

ಆ ಕೋಣೆ ಏನು ಮಾಡುತ್ತದೆ ಎಂದು ನೋಡಲು ನಾವು ಅಷ್ಟು ದೂರ ಹೋಗಬೇಕಾಗಿಲ್ಲ. ವಿಜಯಪುರದ ಗೋಲಗುಮ್ಮಟಕ್ಕೆ ಮಕ್ಕಳನ್ನು ಪ್ರವಾಸಕ್ಕೆ ಕರೆದುಕೊಂಡು ಹೋಗಿಯೇ ಇರುತ್ತೀರಿ, ಅಲ್ವಾ? ನಾನು ಒಮ್ಮೆ ಬೆಳಗ್ಗೆ ಬೇಗ, ಗಲಾಟೆ ಶುರುವಾಗುವ ಮೊದಲೇ ಹೋಗಿದ್ದೆ. ಕಡಿದಾದ ಮೆಟ್ಟಿಲು ಹತ್ತಿ ಪಿಸುಗುಟ್ಟುವ ಮೊಗಸಾಲೆಗೆ ಬಂದಾಗ ಏದುಸಿರು. ನನ್ನ ಏದುಸಿರೇ ನನಗೆ ಎದುರುಗಡೆಯಿಂದ ಕೇಳಿಸುತ್ತಿತ್ತು. ಗೈಡ್ ಆಚೆ ಬದಿಗೆ ಹೋಗಿ ಗೋಡೆಗೆ ಬಾಯಿಟ್ಟು ಒಂದು ಕಾಗದ ಹರಿದರು. ನಡುವೆ ನೂರಿಪ್ಪತ್ತು ಅಡಿಗೂ ಜಾಸ್ತಿ ದೂರ. ಆ ‘ಚರ್ರ್’ ನನ್ನ ಕಿವಿಯ ಪಕ್ಕದಲ್ಲೇ ಆಯಿತು. ಮೈ ಜುಂ ಎಂದಿತು. ಅಲ್ಲಿ ಯಾವ ಗೂಢಶಕ್ತಿಯೂ ಇಲ್ಲ. ಗುಂಡಗಿನ ಗೋಡೆ ಶಬ್ದವನ್ನು ಚದುರಲು ಬಿಡದೆ ತನ್ನ ಮೈಗುಂಟ ಸಾಗಿಸುತ್ತದೆ, ಅಷ್ಟೇ. ಮರದ ಗುಮ್ಮಟದಲ್ಲೂ ಅದೇ ಗುಣ. ಅಲ್ಲಿ ನುಡಿಸುವ ಹರಳಿನ ಬಟ್ಟಲಿನ ಅಂಚನ್ನು ಕೋಲಿನಿಂದ ಸವರಿದರೆ ಏಳುವ ನಾದ ಎಲ್ಲ ಕಡೆಯಿಂದಲೂ ಬಂದು ಎದೆಗೆ ತಾಕುತ್ತದೆ. ಒಂದು ಗಂಟೆ ಫೋನಿಲ್ಲ, ಮಾತಿಲ್ಲ, ಮಗ ಪಕ್ಕದಲ್ಲೇ ಮಲಗಿದ್ದಾನೆ. ಮನಸ್ಸು ಹಗುರಾಗದೆ ಇರುತ್ತದೆಯೇ?

ಕಾಲ ನಿಧಾನವಾಗುವುದು ಮಾತ್ರ ಸುಳ್ಳಲ್ಲ, ಅದನ್ನೂ ಹೇಳಿಬಿಡುತ್ತೇನೆ. ಅಂತರಿಕ್ಷ ನಿಲ್ದಾಣದಲ್ಲಿ ಆರು ತಿಂಗಳು ಇದ್ದು ಬಂದವರು ನಮಗಿಂತ ಸುಮಾರು 0.005 ಸೆಕೆಂಡು ಕಮ್ಮಿ ವಯಸ್ಸಾಗಿರುತ್ತಾರೆ. ಗಂಟೆಗೆ 28,000 ಕಿಲೋಮೀಟರ್ ವೇಗದಲ್ಲಿ ಸುತ್ತಿದರೆ ಸಿಗುವುದು ಇಷ್ಟು. ತಾಮ್ರದ ತಂತಿ ಸುತ್ತಿದ ಪಿರಮಿಡ್ ಮಂಚದ ಕೆಳಗೆ ಕೂತು ಏನು ಕೊಟ್ಟೀತು?

ಈಗ ಅಮ್ಮನವರ ವಿಷಯ. ಮರೆವು ದಿನದಿನಕ್ಕೆ ಏರಿಳಿಯುತ್ತದೆ. ಎರಡು ದಿನ ಚೆನ್ನಾಗಿದ್ದು ಮತ್ತೆ ಮಂಕಾಗುವುದು ಈ ತೊಂದರೆ ಇರುವ ಎಷ್ಟೋ ಮನೆಗಳಲ್ಲಿ ಕಾಣುತ್ತದೆ. ಆದರೆ ನಿಮ್ಮ ಪತ್ರದಲ್ಲಿ ಎಲ್ಲೂ ಡಾಕ್ಟರ ಮಾತೇ ಇಲ್ಲ. ನನಗೆ ಅದೇ ಕಳವಳ. ಎಲ್ಲ ಮರೆವೂ ವಾಸಿಯಾಗದ ಮರೆವಲ್ಲ. ಬಿ12 ಕಮ್ಮಿಯಾದರೂ ಮರೆವು ಬರುತ್ತದೆ, ಸಸ್ಯಾಹಾರಿಗಳಲ್ಲಿ ಆ ಕೊರತೆ ಜಾಸ್ತಿ. ಥೈರಾಯ್ಡ್ ತೊಂದರೆ, ಮನಸ್ಸಿನ ಕುಗ್ಗು, ಕೆಲವು ನಿದ್ದೆ ಮಾತ್ರೆ, ಇವುಗಳಿಂದಲೂ ಬರುತ್ತದೆ. ಇವಕ್ಕೆಲ್ಲ ದಾರಿಯಿದೆ. ಒಂದು ರಕ್ತ ಪರೀಕ್ಷೆಯಿಂದ ಶುರುಮಾಡಿ, ಈ ವಾರವೇ. ಬೇಕೆನಿಸಿದರೆ ಬೆಂಗಳೂರಿನ ನಿಮ್ಹಾನ್ಸ್‌ಗೆ ಕರೆದುಕೊಂಡು ಬನ್ನಿ. ಅವರು ನುಂಗುತ್ತಿರುವ ಮಾತ್ರೆಗಳ ಚೀಟಿಯನ್ನೆಲ್ಲ ಮರೆಯದೆ ತನ್ನಿ.

ಅವರು ಹಿಂದೆ ಸಂಜೆ ಹೊತ್ತು ದೇವರನಾಮ ಹೇಳುತ್ತಿದ್ದರು, ಈಗ ನಿಲ್ಲಿಸಿದ್ದಾರೆ ಎಂದು ಬರೆದಿದ್ದೀರಿ. ನೀವೇ ಶುರುಮಾಡಿ. ದನಿ ಚೆನ್ನಾಗಿಲ್ಲದಿದ್ದರೂ ಪರವಾಗಿಲ್ಲ. ನಿನ್ನೆ ಮೊನ್ನೆಯದು ಮರೆತವರಿಗೂ ಚಿಕ್ಕಂದಿನ ಹಾಡು ಬಾಯಿಗೆ ಬರುವುದುಂಟು. ನೀವು ಸಾಲು ತಪ್ಪಿದರೆ ಅವರೇ ತಿದ್ದಬಹುದು.

ಪರೀಕ್ಷೆಯ ವರದಿ ಬಂದ ಮೇಲೆ ನನಗೆ ಬರೆಯಿರಿ. ಸಾರಿಗೆ ಹುಣಸೆಹಣ್ಣು ಎಷ್ಟು ಹಾಕಬೇಕೆಂದು ಅವರನ್ನೇ ಕೇಳಿ, ಅದನ್ನೂ ಬರೆಯಿರಿ.

– ಸಂಪಾದಕ