ಹಳೆಯ ಟಿವಿ ಕೌಬಾಯ್ ಸರಣಿಗಳಲ್ಲಿ ನಿಜವಾದ ಅಪಾಚೆ ನಟರು ಇದ್ದರಾ?

ಇದ್ದರು. ಆದರೆ ಅಮೆರಿಕದ ಮೂಲನಿವಾಸಿಗಳಾದ ಅಪಾಚೆ ಜನಾಂಗದ ಈ ನಟರು ದೊಡ್ಡ ಪಾತ್ರಗಳಲ್ಲಿ ಹುಡುಕಿದರೆ ಸಿಗುವುದಿಲ್ಲ. 1950ರ ದಶಕದ ಅಮೆರಿಕದ ಕೌಬಾಯ್ ಕಥೆಗಳಾದ ವೆಸ್ಟರ್ನ್‌ಗಳಲ್ಲಿ ಅಪಾಚೆ ಪೋಷಕ ನಟರ ಬದುಕು ಹೇಗಿತ್ತು ಅಂತಲೂ ಕೇಳಿದ್ದೀರಿ. ಈ ಮಾತು ಬಂದಾಗ ನನಗೆ ಮೊದಲು ನೆನಪಾಗುವುದು ಚಾರ್ಲ್ಸ್ ಸ್ಟೀವನ್ಸ್.

ಅವರು ಹುಟ್ಟಿದ್ದು 1893ರಲ್ಲಿ, ಅರಿಜೋನಾದ ಸಾಲೊಮನ್ಸ್‌ವಿಲ್‌ನಲ್ಲಿ. ಅಪಾಚೆ ನಾಯಕ ಜೆರೊನಿಮೊ ಅಮೆರಿಕದ ಸೈನ್ಯಕ್ಕೆ ಶರಣಾಗಿ ಆಗ ಏಳೇ ವರ್ಷ. ಸ್ಟೀವನ್ಸ್ ಅವರದು ಮೆಕ್ಸಿಕನ್ ಮತ್ತು ಅಪಾಚೆ ಬೇರು ಎನ್ನುತ್ತಾರೆ. ಇವರು ಜೆರೊನಿಮೊನ ಮೊಮ್ಮಗ ಅಂತ ಎಷ್ಟೋ ಕಡೆ ಬರೆದಿದ್ದಾರೆ. ಅದನ್ನು ನಂಬಬೇಡಿ, ಅದಕ್ಕೆ ಗಟ್ಟಿ ಆಧಾರ ಇಲ್ಲ. ಅವರು ಮಾಡಿದ ಕೆಲಸಕ್ಕೆ ಅಂಥ ಅಲಂಕಾರವೂ ಬೇಕಿಲ್ಲ.

ಮೂಕಿ ಚಿತ್ರಗಳ ಕಾಲದಲ್ಲಿ ಅವರು ಡಗ್ಲಸ್ ಫೇರ್‌ಬ್ಯಾಂಕ್ಸ್‌ಗೆ ಆಪ್ತ ಗೆಳೆಯ. ಆ ಸ್ಟಾರ್ ನಟನ ಒಂದಾದ ಮೇಲೊಂದು ಚಿತ್ರದಲ್ಲಿ ಇವರಿಗೆ ಪಾತ್ರ ಸಿಗುತ್ತಿತ್ತು. 1921ರ 'ದಿ ತ್ರೀ ಮಸ್ಕಿಟಿಯರ್ಸ್'ನಲ್ಲಿ ನಾಯಕನ ಫ್ರೆಂಚ್ ಸೇವಕ ಇವರೇ! ಅರಿಜೋನಾದ ಹುಡುಗ ಫ್ರಾನ್ಸ್‌ನವನಾದ ಆ ಪಾತ್ರ ನನಗೆ ತುಂಬಾ ಇಷ್ಟ. ಮಾತಿನ ಚಿತ್ರಗಳು ಬಂದ ಮೇಲೆ ಅಂಥ ಅವಕಾಶ ಕಡಿಮೆಯಾಯಿತು. ಮೆಕ್ಸಿಕನ್ ಡಕಾಯಿತ, 'ಇಂಡಿಯನ್' (ಅಂದರೆ ಅಮೆರಿಕದ ಮೂಲನಿವಾಸಿ) ಬೇಹುಗಾರ, ಕುಡುಕ. ಹೆಚ್ಚಾಗಿ ಇಷ್ಟೇ.

ಒಂದು ಪಾತ್ರದ ಬಗ್ಗೆ ಸ್ವಲ್ಪ ಬಿಡಿಸಿ ಹೇಳಬೇಕು. 1939ರ 'ಫ್ರಾಂಟಿಯರ್ ಮಾರ್ಷಲ್'ನಲ್ಲಿ 'ಇಂಡಿಯನ್ ಚಾರ್ಲಿ' ಎಂಬ ಕುಡುಕ ಗುಂಡು ಹಾರಿಸುತ್ತಾ ಊರನ್ನೇ ಹೆದರಿಸುತ್ತಾನೆ. ನಾಯಕ ಬಂದು ಅವನನ್ನು ಅಡಗಿಸುತ್ತಾನೆ. ನಾಯಕ ಎಂಥ ಧೀರ ಅಂತ ತೋರಿಸಲು ಇಟ್ಟ ದೃಶ್ಯ ಅದು. ಏಳು ವರ್ಷದ ನಂತರ ಜಾನ್ ಫೋರ್ಡ್ ಅದೇ ಕಥೆಯನ್ನು 'ಮೈ ಡಾರ್ಲಿಂಗ್ ಕ್ಲೆಮೆಂಟೈನ್' ಅಂತ ತೆಗೆದರು. ನಾಯಕ ಬದಲಾದ, ನಿರ್ದೇಶಕ ಬದಲಾದರು. ಇಂಡಿಯನ್ ಚಾರ್ಲಿ ಮಾತ್ರ ಅದೇ ಚಾರ್ಲ್ಸ್ ಸ್ಟೀವನ್ಸ್. ನಾಯಕನಾದ ಹೆನ್ರಿ ಫೋಂಡಾ ಸ್ಟೀವನ್ಸ್ ಅವರನ್ನು ಕಾಲು ಹಿಡಿದು ದರದರ ಎಳೆದು ತರುತ್ತಾರೆ. ನೋಡಿದಾಗಲೆಲ್ಲ ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ಐವತ್ತು ದಾಟಿದ, ಮೂವತ್ತು ವರ್ಷ ಕ್ಯಾಮೆರಾ ಮುಂದೆ ನಿಂತ ನಟ ಅವರು.

ಟಿವಿ ಬಂದಾಗ ಅವರಿಗೆ ವಯಸ್ಸಾಗಿತ್ತು. 'ದಿ ಲೋನ್ ರೇಂಜರ್' ತರಹದ ಸರಣಿಗಳಲ್ಲಿ ಒಂದು ಕಂತಿಗೆ ಬಂದು ಹೋಗುತ್ತಿದ್ದರು. 1961ರವರೆಗೂ ದುಡಿದರು. ಹೆಚ್ಚುಕಡಿಮೆ 200 ಚಿತ್ರಗಳು. 1964ರಲ್ಲಿ ತೀರಿಕೊಂಡರು.

ಅಪಾಚೆ ನಾಯಕರ ಪಾತ್ರ ಯಾರಿಗೆ ಸಿಗುತ್ತಿತ್ತು ಗೊತ್ತಾ? 1950ರ 'ಬ್ರೋಕನ್ ಆ್ಯರೋ' ಚಿತ್ರದಲ್ಲಿ ಅಪಾಚೆ ನಾಯಕ ಕೊಚೀಸ್ ಆದವರು ಬ್ರೂಕ್ಲಿನ್‌ನ ಜೆಫ್ ಚಾಂಡ್ಲರ್. ಅದೇ ಹೆಸರಿನ ಟಿವಿ ಸರಣಿ 1956ರಲ್ಲಿ ಶುರುವಾದಾಗ ಕೊಚೀಸ್ ಆದವರು ಸಿರಿಯಾದಲ್ಲಿ ಹುಟ್ಟಿದ ಮೈಕೆಲ್ ಅನ್ಸಾರಾ. ಚಿತ್ರದಲ್ಲಿ ಜೆರೊನಿಮೊ ಆದ ಜೇ ಸಿಲ್ವರ್‌ಹೀಲ್ಸ್ ಮೂಲನಿವಾಸಿಯೇ, ಆದರೆ ಕೆನಡಾದ ಮೊಹಾಕ್ ಜನಾಂಗದವರು. 'ಲೋನ್ ರೇಂಜರ್'ನಲ್ಲಿ ನಾಯಕನ ಜೊತೆಗಾರ ಟೋಂಟೋ ಕೂಡ ಅವರೇ. ನಿಜವಾದ ಅಪಾಚೆ ಜನ 'ಬ್ರೋಕನ್ ಆ್ಯರೋ' ಚಿತ್ರದಲ್ಲಿ ಇದ್ದರು, ಗುಂಪಿನ ದೃಶ್ಯಗಳಲ್ಲಿ.

ಅನ್ಸಾರಾ, ಚಾಂಡ್ಲರ್ ಕೆಟ್ಟದಾಗಿ ನಟಿಸಿದರು ಅಂತ ನಾನು ಹೇಳುತ್ತಿಲ್ಲ. ಚಾಂಡ್ಲರ್ ಆಸ್ಕರ್‌ಗೆ ನಾಮನಿರ್ದೇಶನವನ್ನೂ ಪಡೆದರು. ಆದರೆ ಸ್ಟೀವನ್ಸ್ ಅವರಿಗೆ ಒಂದು ಸಲವಾದರೂ ಅಂಥ ಪಾತ್ರ ಕೊಟ್ಟು ನೋಡಬಹುದಿತ್ತು, ಅಲ್ವಾ?

ಅವರ ಮುಖ ನೋಡಬೇಕೆಂದರೆ 'ಕ್ಲೆಮೆಂಟೈನ್'ನಿಂದಲೇ ಶುರು ಮಾಡಿ. ಸಿನಿಮಾ ಆರಂಭವಾಗಿ ಸ್ವಲ್ಪ ಹೊತ್ತಿಗೇ ಆ ದೃಶ್ಯ ಬರುತ್ತದೆ. ಕ್ಯಾಮೆರಾ ಫೋಂಡಾ ಕಡೆ ಇರುತ್ತದೆ, ನೀವು ಇನ್ನೊಬ್ಬರನ್ನು ನೋಡಿ.