ಅಮೆರಿಕನ್ ಫುಟ್‌ಬಾಲ್‌ನಲ್ಲಿ ಲೈನ್‌ಮನ್ (ಮುಂಚೂಣಿ ಸಾಲಿನಲ್ಲಿ ಸೆಣಸುವ ಆಟಗಾರ) ಆಗಿದ್ದವರು ಒಳ್ಳೆಯ ಕೋಚ್ ಆಗಬಲ್ಲರೇ?

ಖಂಡಿತ ಆಗಬಲ್ಲರು. ನನ್ನ ಮಟ್ಟಿಗೆ ಇದಕ್ಕೆ ಅತ್ಯುತ್ತಮ ಉದಾಹರಣೆ ಮೈಕ್ ಮುಂಚಾಕ್.

ಪೆನ್ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಆಡಿದ ಅವರನ್ನು 1982ರ ಡ್ರಾಫ್ಟ್‌ನಲ್ಲಿ (ವೃತ್ತಿಪರ ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸಿಕೊಳ್ಳುವ ಪ್ರಕ್ರಿಯೆ) ಹ್ಯೂಸ್ಟನ್ ಆಯಿಲರ್ಸ್ ತಂಡ 8ನೇ ಆಯ್ಕೆಯಾಗಿ ತೆಗೆದುಕೊಂಡಿತು. 1993ರವರೆಗೂ ಅದೇ ತಂಡ, 9 ಸಲ ಪ್ರೊ ಬೌಲ್ (ವರ್ಷದ ಶ್ರೇಷ್ಠ ಆಟಗಾರರ ಪಂದ್ಯ), 2001ರಲ್ಲಿ ಹಾಲ್ ಆಫ್ ಫೇಮ್ ಗೌರವ.

ಅವರು ಆಡಿದ್ದು ಗಾರ್ಡ್ ಆಗಿ, ಅಂದರೆ ಸಾಲಿನ ನಡುವಿನವನ ಪಕ್ಕದಲ್ಲಿ ನಿಲ್ಲುವ ಲೈನ್‌ಮನ್ ಆಗಿ. ಈ ಆಟಗಾರನ ಕೈಗೆ ಚೆಂಡು ಬರುವುದೇ ಇಲ್ಲ ಅನ್ನಬಹುದು. ಎದುರಾಳಿಗಳನ್ನು ತಡೆದು, ಚೆಂಡು ಎಸೆಯುವ ಕ್ವಾರ್ಟರ್‌ಬ್ಯಾಕ್‌ಗೆ ಎರಡು-ಮೂರು ಸೆಕೆಂಡು ಉಳಿಸಿಕೊಡುವುದು ಅವನ ಮುಖ್ಯ ಕೆಲಸಗಳಲ್ಲೊಂದು. ಎದುರಾಳಿಗಳಿಬ್ಬರು ಒಬ್ಬರ ಹಿಂದೆ ಒಬ್ಬರು ಸುತ್ತಿ ಜಾಗ ಬದಲಿಸಿ ನುಗ್ಗಿದಾಗ, ತಾನು ತಡೆಯುತ್ತಿದ್ದವನನ್ನು ಪಕ್ಕದ ಟ್ಯಾಕಲ್‌ಗೆ (ಸಾಲಿನ ತುದಿಯ ಲೈನ್‌ಮನ್) ಒಪ್ಪಿಸಿ ಹೊಸಬನನ್ನು ಹಿಡಿಯಬೇಕು. ಕಾಲು ಅರ್ಧ ಹೆಜ್ಜೆ ತಪ್ಪಿದರೂ ಕ್ವಾರ್ಟರ್‌ಬ್ಯಾಕ್ ನೆಲಕ್ಕೆ. ಹಾಗಾಗಿ ಪಕ್ಕದವರ ಕೆಲಸವೂ ಬಾಯಿಪಾಠ ಆಗಿರಲೇಬೇಕು. ಕೋಚಿಂಗ್‌ಗೆ ಬೇಕಾದ ಬುನಾದಿ ಇದೇ.

1997ರಿಂದ 2010ರವರೆಗೆ ಅದೇ ಸಂಸ್ಥೆಯಲ್ಲಿ (1997ರಲ್ಲಿ ಅದು ಟೆನೆಸಿಗೆ ಹೋಗಿ, 1999ರಲ್ಲಿ ಟೈಟನ್ಸ್ ಆಯಿತು) ಅವರು ಆಫೆನ್ಸಿವ್ ಲೈನ್ ಕೋಚ್, ಅಂದರೆ ದಾಳಿ ಮಾಡುವಾಗಿನ ಮುಂಚೂಣಿ ಸಾಲಿನ ತರಬೇತುದಾರ. 2011ರಲ್ಲಿ ಮುಖ್ಯ ಕೋಚ್ ಆದರು. ಮೂರು ವರ್ಷದಲ್ಲಿ 22 ಗೆಲುವು, 26 ಸೋಲು, ಕೆಲಸ ಹೋಯಿತು. ಇಡೀ ತಂಡ ನಡೆಸುವುದು ಬೇರೆಯದೇ ವಿದ್ಯೆ. ಆದರೆ ಅವರನ್ನು ಬರೀ ಆ ಅಂಕಿಯಿಂದ ಅಳೆಯುವುದು ಅನ್ಯಾಯ.

2014ರಲ್ಲಿ ಪಿಟ್ಸ್‌ಬರ್ಗ್ ಸ್ಟೀಲರ್ಸ್‌ಗೆ ಮತ್ತೆ ಲೈನ್ ಕೋಚ್ ಆಗಿ ಬಂದರು. ಅಲ್ಲಿ ಸಿಕ್ಕವರು ಅಲೆಹಾಂಡ್ರೊ ವಿಲ್ಲನುಯೆವಾ: ಅಫ್ಘಾನಿಸ್ತಾನದಲ್ಲಿ ಸೇವೆ ಮಾಡಿ ಬಂದ ಸೈನಿಕ. ಅದಕ್ಕೂ ಮುಂಚೆ ಇನ್ನೊಂದು ತಂಡ ಅವರನ್ನು ಡಿಫೆನ್ಸ್‌ನಲ್ಲಿ ಪರೀಕ್ಷಿಸಿ ಬಿಟ್ಟಿತ್ತು. ಮುಂಚಾಕ್ ಕೈಯಲ್ಲಿ ಪಳಗಿದ ಅವರು 2015ರಲ್ಲೇ ಲೆಫ್ಟ್ ಟ್ಯಾಕಲ್ ಸ್ಥಾನ ಹಿಡಿದರು, ಮುಂದೆ ಎರಡು ಸಲ ಪ್ರೊ ಬೌಲ್‌ಗೂ ಆಯ್ಕೆಯಾದರು.